ಪ್ರಮೋದ್ ಪತಿಯವರ ಆ ಏಳು ನಿಮಿಷ: ಎನ್‌ಎಫ್‌ಡಿಸಿಗೆ ಒಂದು ಬಹಿರಂಗ ಪತ್ರ

ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮದ ಅಧಿಕಾರಿಗಳಿಗೆ, ಮತ್ತು ವಾರ್ತಾ ಹಾಗೂ ಪ್ರಸಾರ ಸಚಿವಾಲಯದಲ್ಲಿ ಹಳೆಯ ಚಿತ್ರಗಳ ಜವಾಬ್ದಾರಿ ಹೊತ್ತವರಿಗೆ,

ನಮಸ್ಕಾರ.

1968ರಲ್ಲಿ ಫಿಲ್ಮ್ಸ್ ಡಿವಿಜನ್ ತಯಾರಿಸಿದ 'ಎಕ್ಸ್‌ಪ್ಲೋರರ್' ಎಂಬ ಕಿರುಚಿತ್ರದ ಬಗ್ಗೆ ಈ ಪತ್ರ ಬರೆಯುತ್ತಿದ್ದೇನೆ. ಕಪ್ಪು-ಬಿಳುಪು ಚಿತ್ರ, ಏಳು ನಿಮಿಷದ್ದು. ನಿರ್ದೇಶಕರು ಪ್ರಮೋದ್ ಪತಿ. ನಾನು ಕೇಳುತ್ತಿರುವುದು ಇಷ್ಟೇ: ಈ ಚಿತ್ರದ ಮೂಲ ನೆಗೆಟಿವ್‌ನಿಂದ ಒಂದು ಒಳ್ಳೆಯ ಡಿಜಿಟಲ್ ಪ್ರತಿ ಮಾಡಿಸಿ. ಅದನ್ನು 2028 ಮುಗಿಯುವುದರೊಳಗೆ ಎಲ್ಲರಿಗೂ ಸಿಗುವ ಹಾಗೆ ಬಿಡಿ. 2028 ಯಾಕೆ ಅನ್ನುವುದನ್ನು ಮುಂದೆ ಹೇಳುತ್ತೇನೆ. ಮೊದಲು ಚಿತ್ರದ ಬಗ್ಗೆಯೇ ಹೇಳಬೇಕು. ಇದನ್ನು ಓದುವವರಲ್ಲಿ ಹೆಚ್ಚಿನವರು ಅದರ ಹೆಸರನ್ನೂ ಕೇಳಿರಲಿಕ್ಕಿಲ್ಲ.

ಯುವಕ ಯುವತಿಯರು ಕುಣಿಯುತ್ತಿರುತ್ತಾರೆ. ಅವರ ಮುಖಗಳ ನಡುವೆ ಪ್ರಯೋಗಾಲಯದ ಉಪಕರಣಗಳು ನುಗ್ಗುತ್ತವೆ. ದೇವರ ಚಿತ್ರಗಳು ಬಂದು ಹೋಗುತ್ತವೆ. ಕ್ಯಾಮೆರಾ ಜೂಮ್ ಆಗುತ್ತಾ ಒಳಗೆ ಹೋಗುತ್ತದೆ, ಅಷ್ಟೇ ಬೇಗ ಹೊರಗೆ ಬರುತ್ತದೆ. ಇದು ಏನು ಅಂತ ಗುರುತು ಹಿಡಿಯುವಷ್ಟರಲ್ಲಿ ಮುಂದಿನದು ಬಂದಾಯ್ತು. ಕಥೆ ಇಲ್ಲ. ಪಾತ್ರಗಳಿಲ್ಲ. ಇದೆಲ್ಲ ಏನು ಅಂತ ನಮಗೆ ತಿಳಿಸಿಕೊಡುವ ದನಿಯೂ ಇಲ್ಲ.

ಈ ಕೊನೆಯ ಸಂಗತಿ ಎಷ್ಟು ದೊಡ್ಡದು ಅಂತ ತಿಳಿಯಬೇಕಾದರೆ ಫಿಲ್ಮ್ಸ್ ಡಿವಿಜನ್ ಏನು ಮಾಡುತ್ತಿತ್ತು ಅಂತ ನೆನಪು ಮಾಡಿಕೊಳ್ಳಬೇಕು. 1948ರಲ್ಲಿ ಶುರುವಾದ ಸರ್ಕಾರಿ ಸಂಸ್ಥೆ ಅದು. ಸರ್ಕಾರ ಒಪ್ಪಿ ಅದು ಕಳಿಸಿದ ಚಿತ್ರವನ್ನು ಪ್ರತಿ ಆಟದಲ್ಲೂ ತೋರಿಸಲೇಬೇಕು ಎನ್ನುವುದು ಥಿಯೇಟರ್ ಲೈಸೆನ್ಸಿನ ಷರತ್ತಾಗಿತ್ತು. ತೋರಿಸಿದ್ದಕ್ಕೆ ಥಿಯೇಟರಿನವರೇ ಬಾಡಿಗೆ ಕಟ್ಟಬೇಕಿತ್ತು. ಈ ಕಡ್ಡಾಯ ಸರಿಯೋ ತಪ್ಪೋ ಎನ್ನುವ ಜಗಳ ಸುಪ್ರೀಂ ಕೋರ್ಟಿನವರೆಗೂ ಹೋಯಿತು. 1999ರಲ್ಲಿ ಕೋರ್ಟು ಸರಿ ಎಂದೇ ಹೇಳಿತು.

ನಮ್ಮ ಕಡೆಯ ಹಳಬರಿಗೆ ಇದು ಚೆನ್ನಾಗಿ ಗೊತ್ತು. ಟೆಂಟಿನಲ್ಲಿ ದೇವರ ನಾಮದ ರೆಕಾರ್ಡು ಹಾಕಿದರು ಅಂದರೆ ಆಟ ಶುರುವಾಗುತ್ತದೆ ಅಂತ ಲೆಕ್ಕ. ಆಮೇಲೆ ಲೈಟು ಆರಿಸಿ ಮೊದಲು ಬಿಡುವುದು ನ್ಯೂಸ್ ರೀಲು. ಅದು ನಿಜವಾಗಿ ವಾರ್ತಾಚಿತ್ರವೇ ಇರಲಿ, ಅಣೆಕಟ್ಟಿನ ಸಾಕ್ಷ್ಯಚಿತ್ರ ಇರಲಿ, ಜನರ ಬಾಯಲ್ಲಿ ಎಲ್ಲವೂ ನ್ಯೂಸ್ ರೀಲೇ. ಗಂಭೀರವಾದ ಗಂಡಸಿನ ದನಿಯೊಂದು ಕನ್ನಡದಲ್ಲಿ ಹೇಳುತ್ತಾ ಹೋಗುತ್ತಿತ್ತು: ಗೊಬ್ಬರ ಹೀಗೆ ಹಾಕಬೇಕು, ಲಸಿಕೆ ಹಾಕಿಸಬೇಕು, ಸಣ್ಣ ಉಳಿತಾಯ ಮಾಡಬೇಕು. ಅದೇ ಚಿತ್ರ ತಮಿಳುನಾಡಿನಲ್ಲಿ ತಮಿಳಲ್ಲಿ, ಬಂಗಾಳದಲ್ಲಿ ಬಂಗಾಳಿಯಲ್ಲಿ ಮಾತಾಡುತ್ತಿತ್ತು. ಕೆಳಗೆ ನೆಲದ ಮೇಲೆ ಕೂತವರು ಕಡ್ಲೆಕಾಯಿ ಬಿಡಿಸುತ್ತಿದ್ದರು. ಹೊರಗೆ ಬೀಡಿ ಸೇದುತ್ತಾ ನಿಂತವರು ಬಾಗಿಲ ಹುಡುಗನನ್ನು ಕೇಳುತ್ತಿದ್ದರು, 'ನ್ಯೂಸ್ ರೀಲ್ ಮುಗೀತೇನೋ?' ಬೇಕಂತಲೇ ತಡವಾಗಿ ಬರುವವರೂ ಇದ್ದರು.

ಇಂಥ ಸಂಸ್ಥೆಯೊಳಗೆ ಕೂತು ಒಬ್ಬ ಸರ್ಕಾರಿ ನೌಕರ, ಸರ್ಕಾರದ ಫಿಲ್ಮು, ಸರ್ಕಾರದ ಕ್ಯಾಮೆರಾ ಹಿಡಿದು, ಯಾರಿಗೂ ಏನನ್ನೂ ಬೋಧಿಸದ ಏಳು ನಿಮಿಷದ ಚಿತ್ರ ಮಾಡಿದರು. ಒಂದು ಕಡೆ ಲ್ಯಾಬು, ಇನ್ನೊಂದು ಕಡೆ ದೇವರ ಮನೆ, ಕಾಲಿನಲ್ಲಿ ಹೊಸ ಕುಣಿತ: ಆ ಕಾಲದ ಇಪ್ಪತ್ತರ ಹುಡುಗ ಹುಡುಗಿಯರು ಇದ್ದದ್ದು ಈ ಎಳೆದಾಟದಲ್ಲೇ ಅಲ್ವಾ? ಪತಿ ಅದರಲ್ಲಿ ಒಂದು ಪಕ್ಷ ಹಿಡಿಯಲಿಲ್ಲ. ಆ ಎಳೆದಾಟ ಮೈಮೇಲೆ ಬರುವ ಹಾಗೆ ಮಾಡಿದರು. ನನ್ನ ಮಟ್ಟಿಗೆ, ಸರ್ಕಾರಿ ದುಡ್ಡಿನಲ್ಲಿ ಈ ದೇಶದಲ್ಲಿ ಆದ ಅತ್ಯಂತ ಧೈರ್ಯದ ಸಿನಿಮಾಗಳಲ್ಲಿ ಇದು ಒಂದು.

ಈ ಧೈರ್ಯ ಒಬ್ಬರದ್ದೇ ಆಗಿರಲಿಲ್ಲ ಎನ್ನುವುದನ್ನೂ ಹೇಳಬೇಕು. ಇಂದಿರಾ ಗಾಂಧಿ ವಾರ್ತಾ ಮತ್ತು ಪ್ರಸಾರ ಸಚಿವೆಯಾಗಿದ್ದಾಗ ಯುನೆಸ್ಕೋದಲ್ಲಿದ್ದ ಜೀನ್ ಭಾವ್‌ನಗರಿಯವರನ್ನು ಮತ್ತೆ ಫಿಲ್ಮ್ಸ್ ಡಿವಿಜನ್‌ಗೆ ಕರೆಸಿಕೊಂಡರು. 1965ರಿಂದ ಸುಮಾರು ಎರಡು ವರ್ಷ ಅವರು ಅಲ್ಲಿ ಸಲಹೆಗಾರರಾಗಿದ್ದರು. ಹೊಸಬರಿಗೆ ಬಾಗಿಲು ತೆಗೆದರು, ಇದ್ದವರಿಗೆ ತಮ್ಮ ಇಷ್ಟದ ಹಾಗೆ ಕೆಲಸ ಮಾಡಲು ಬಿಟ್ಟರು. ಚಿತ್ರಕಲಾವಿದ ಎಂ.ಎಫ್. ಹುಸೇನ್ ರಾಜಸ್ಥಾನದಲ್ಲಿ ಮಾಡಿದ ಕಿರುಚಿತ್ರ 1967ರಲ್ಲಿ ಬರ್ಲಿನ್‌ನಿಂದ ಗೋಲ್ಡನ್ ಬೇರ್ ತಂದಿತು. ಅಲ್ಲಿನ ಇನ್ನೊಬ್ಬ ನಿರ್ದೇಶಕರಾದ ಎಸ್.ಎನ್.ಎಸ್. ಶಾಸ್ತ್ರಿ ಸ್ವಾತಂತ್ರ್ಯದ ಜೊತೆಗೇ ಹುಟ್ಟಿ ಇಪ್ಪತ್ತು ತುಂಬಿದವರ ಮುಂದೆ ಮೈಕ್ ಹಿಡಿದು, ಅವರಿಗೆ ಅನ್ನಿಸಿದ್ದನ್ನು ಅನ್ನಿಸಿದ ಹಾಗೇ ಹೇಳಲು ಬಿಟ್ಟರು. ಸರ್ಕಾರವೇ ತನ್ನ ಬಗ್ಗೆ ಜನರ ಬೇಸರವನ್ನು ರೆಕಾರ್ಡ್ ಮಾಡಿ ತೋರಿಸಿದ ಕಾಲ ಅದು. ಆ ಗಾಳಿಯಲ್ಲೇ 'ಎಕ್ಸ್‌ಪ್ಲೋರರ್' ಹುಟ್ಟಿತು.

ಪ್ರಮೋದ್ ಪತಿ 1932ರಲ್ಲಿ ಹುಟ್ಟಿದವರು, ಒಡಿಶಾದವರು. ಪ್ರಾಗ್‌ಗೆ ಹೋಗಿ ಗೊಂಬೆ ಸಿನಿಮಾಗಳ ದೊಡ್ಡ ಹೆಸರು ಯಿರ್ಝಿ ತ್ರ್‌ನ್ಕಾ ಅವರ ಹತ್ತಿರ ಕಲಿತರು. ಗೊಂಬೆ ಸಿನಿಮಾ ಅಂದರೆ ತಾಳ್ಮೆಯ ಕೆಲಸ. ಗೊಂಬೆಯ ಕೈಯನ್ನು ಕೂದಲೆಳೆಯಷ್ಟು ಸರಿಸಬೇಕು, ಒಂದು ಫ್ರೇಮ್ ತೆಗೆಯಬೇಕು, ಮತ್ತೆ ಸರಿಸಬೇಕು. ಪತಿ ಮುಂಬೈಗೆ ಬಂದ ಮೇಲೆ ಇದನ್ನೇ ಜೀವಂತ ಮನುಷ್ಯರ ಮೇಲೆ ಮಾಡಿದರು. ನಟ ಒಂದು ಭಂಗಿಯಲ್ಲಿ ನಿಲ್ಲುತ್ತಾನೆ, ಫ್ರೇಮ್ ತೆಗೆಯುತ್ತಾರೆ, ಸ್ವಲ್ಪ ಕದಲುತ್ತಾನೆ, ಮತ್ತೆ ಫ್ರೇಮ್. ಇದನ್ನು ಪಿಕ್ಸಿಲೇಷನ್ ಅಂತಾರೆ. ಪರದೆಯ ಮೇಲೆ ಮನುಷ್ಯ ನಡೆಯದೇ ಜಾರುತ್ತಾನೆ, ಮೆಟ್ಟಿಲಿಲ್ಲದೆ ಮೇಲೆ ಹೋಗುತ್ತಾನೆ. ಕುಟುಂಬ ಯೋಜನೆಯ ಪ್ರಚಾರಕ್ಕೆ ಅಂತ ಮಾಡಿದ ಎರಡು ನಿಮಿಷದ 'ಕ್ಲಾಕ್ಸ್‌ಪ್ಲೋಷನ್' ಕೂಡ ಹೀಗೇ ಇದೆ. 1972ರ 'ಅಬಿದ್' ಚಿತ್ರದಲ್ಲಿ ಕಲಾವಿದ ಅಬಿದ್ ಸುರ್ತಿ ಬಣ್ಣ ಬಳಿದ ಕೋಣೆಯೊಳಗೆ ತಾವೇ ಒಂದು ಚಿತ್ರವಾಗಿಬಿಡುತ್ತಾರೆ. ಆದೇಶ ಬಂದದ್ದು ಪ್ರಚಾರ ಚಿತ್ರಕ್ಕೇ ಆದರೂ ಪತಿಯವರ ಕೈಗೆ ಹೋದರೆ ಅದು ಪ್ರಯೋಗವಾಗಿ ಹೊರಗೆ ಬರುತ್ತಿತ್ತು. 1975ರಲ್ಲಿ ಅವರು ತೀರಿಕೊಂಡರು. ಐವತ್ತೂ ತುಂಬಿರಲಿಲ್ಲ.

ಪತಿಯವರ ಚಿತ್ರಗಳಿಗೆ ಸಂಗೀತ ಕೊಟ್ಟ ವಿಜಯ ರಾಘವ ರಾವ್ ಅವರನ್ನು ಬಿಟ್ಟು ಈ ಮಾತು ಮುಗಿಯುವುದಿಲ್ಲ. ದೊಡ್ಡ ಕೊಳಲು ವಾದಕರು, ಫಿಲ್ಮ್ಸ್ ಡಿವಿಜನ್ನಿನ ಸಂಗೀತ ನಿರ್ದೇಶಕರು. ಕೊಳಲು ಹಿಡಿದ ಅದೇ ಕೈ 'ಎಕ್ಸ್‌ಪ್ಲೋರರ್'ನಲ್ಲಿ ಕೀಚಲು, ಗುಂಯ್‌ಗುಡುವ, ಯಂತ್ರದಿಂದ ಬಂದ ಹಾಗಿರುವ ಸದ್ದುಗಳನ್ನು ಜೋಡಿಸಿದೆ. ಮರುವರ್ಷವೇ ಬಂದ ಮೃಣಾಲ್ ಸೇನರ 'ಭುವನ್ ಶೋಮ್' ಚಿತ್ರಕ್ಕೂ ಸಂಗೀತ ಅವರದೇ. ಅದಕ್ಕೆ ದುಡ್ಡು ಹಾಕಿದ್ದು ಫಿಲ್ಮ್ ಫೈನಾನ್ಸ್ ಕಾರ್ಪೊರೇಷನ್. ಅದು ಮುಂದೆ ನಿಮ್ಮ ನಿಗಮದೊಳಗೇ ಸೇರಿತು. ಈಗ ಫಿಲ್ಮ್ಸ್ ಡಿವಿಜನ್ ಕೂಡ ನಿಮ್ಮಲ್ಲಿ ವಿಲೀನವಾಗಿದೆ. 2020ರ ಡಿಸೆಂಬರ್‌ನಲ್ಲಿ ಸಂಪುಟ ತೀರ್ಮಾನ ಮಾಡಿತು, 2022ರ ಮಾರ್ಚ್‌ನಲ್ಲಿ ಆದೇಶ ಹೊರಬಿತ್ತು. ಪುಣೆಯ ಫಿಲ್ಮ್ ಆರ್ಕೈವ್ ಸಹ ಅದೇ ಆದೇಶದಲ್ಲಿ ನಿಮ್ಮ ಕೈಗೆ ಬಂತು. ಅಂದರೆ ಚಿತ್ರ ತಯಾರಿಸಿದ ಸಂಸ್ಥೆ, ಕಾಪಾಡುವ ಸಂಸ್ಥೆ, ಹಂಚುವ ಸಂಸ್ಥೆ ಮೂರೂ ಈಗ ಒಂದೇ ಸೂರಿನ ಕೆಳಗೆ ಇವೆ. ವಿಲೀನ ಬೇಡ ಅಂತ ಆಗ ತುಂಬ ಜನ ಸಿನಿಮಾದವರು ಹೇಳಿದರು. ಅವರ ಆತಂಕಕ್ಕೆ ಕಾರಣ ಇತ್ತು. ಆದರೆ ಆಗಿದ್ದು ಆಯಿತು. ಆ ಕಡತ ಅಲ್ಲಿದೆ, ಈ ನೆಗೆಟಿವ್ ಇಲ್ಲಿದೆ ಅಂತ ಇನ್ನು ಮೇಲೆ ಯಾರೂ ಹೇಳುವ ಹಾಗಿಲ್ಲ. ಈ ಅನುಕೂಲವನ್ನು ದಯವಿಟ್ಟು ಬಳಸಿಕೊಳ್ಳಿ.

ಈಗ ನೆಟ್ಟಿನಲ್ಲಿ ಓಡಾಡುತ್ತಿರುವ ಪ್ರತಿಗಳ ವಿಷಯಕ್ಕೆ ಬರುತ್ತೇನೆ. ನನ್ನ ಹೊಟ್ಟೆ ಉರಿಯುವುದು ಇಲ್ಲೇ.

ಸಿನಿಮಾ ರೀಲು ಸೆಕೆಂಡಿಗೆ 24 ಫ್ರೇಮ್ ಓಡುತ್ತದೆ. ಏಳು ನಿಮಿಷಕ್ಕೆ 10,080 ಫ್ರೇಮ್. ಸಾಮಾನ್ಯ ಸಿನಿಮಾದಲ್ಲಿ ಒಂದು ಶಾಟ್ ನಾಲ್ಕೈದು ಸೆಕೆಂಡ್ ಇರುತ್ತದೆ. ನಡುವೆ ಒಂದು ಫ್ರೇಮ್ ಕೆಟ್ಟರೆ ಯಾರಿಗೂ ಗೊತ್ತಾಗುವುದಿಲ್ಲ. 'ಎಕ್ಸ್‌ಪ್ಲೋರರ್' ಹಾಗಲ್ಲ. ಇಲ್ಲಿ ಕೆಲವು ಚಿತ್ರಗಳಿಗೆ ಸಿಗುವುದೇ ಬೆರಳೆಣಿಕೆಯ ಫ್ರೇಮುಗಳು. ಪ್ರತಿ ಫ್ರೇಮೂ ಲೆಕ್ಕಕ್ಕೆ ಬರುತ್ತದೆ.

ಹಳೆಯ ಚಿತ್ರಗಳನ್ನು ಟಿವಿಗೆ ಅಂತ ವೀಡಿಯೊ ಟೇಪಿಗೆ ಹಾಕುವಾಗ ನಮ್ಮ ದೇಶದಲ್ಲಿ ಬಳಕೆಯಲ್ಲಿದ್ದದ್ದು ಪಾಲ್ (PAL) ಎಂಬ ಟಿವಿ ಪದ್ಧತಿ. ಅದರ ಲೆಕ್ಕ ಸೆಕೆಂಡಿಗೆ 25 ಫ್ರೇಮ್. 24ರದ್ದನ್ನು ಸುಮ್ನೆ 25ಕ್ಕೆ ಓಡಿಸಿದರೆ ಏಳು ನಿಮಿಷ ಆರು ನಿಮಿಷ 43 ಸೆಕೆಂಡ್ ಆಗುತ್ತದೆ. ಸದ್ದಿನ ಶ್ರುತಿ ಮೇಲಕ್ಕೆ ಹೋಗುತ್ತದೆ. ವಿಜಯ ರಾಘವ ರಾಯರು ಅಷ್ಟು ಕೂಡಿಸಿ ಕಳೆದು ಕಟ್ಟಿದ ಸದ್ದು ಅವರು ಕಟ್ಟಿದ ಹಾಗೆ ಉಳಿಯುವುದಿಲ್ಲ. ಅಂಥ ಟೇಪಿನಿಂದ ಕಂಪ್ಯೂಟರಿಗೆ, ಅಲ್ಲಿಂದ 30 ಫ್ರೇಮಿನ ಲೆಕ್ಕಕ್ಕೆ ಬದಲಾಯಿಸುವಾಗ ಯಂತ್ರ ಎರಡು ಫ್ರೇಮುಗಳನ್ನು ಸೇರಿಸಿ ನಡುವೆ ಒಂದನ್ನು ತಾನೇ ಹುಟ್ಟಿಸುತ್ತದೆ. ಪತಿ ತೆಗೆಯದೇ ಇದ್ದ ಚಿತ್ರ ಅದು.

ಒಂದು ಪ್ರತಿಯನ್ನು ಕಂಪ್ಯೂಟರಿನಲ್ಲಿ ನಿಲ್ಲಿಸಿ, ಬಾಣದ ಕೀ ಒತ್ತುತ್ತಾ ಒಂದೊಂದೇ ಫ್ರೇಮ್ ಮುಂದೆ ಹೋಗಿ ನೋಡಿ. ಕುಣಿಯುವ ಮುಖದ ಮೇಲೆ ಉಪಕರಣದ ಗಾಜು ಅರ್ಧಂಬರ್ಧ ಅಂಟಿಕೊಂಡಿರುತ್ತದೆ. ಬೇಕೆಂದೇ ಹಾಗೆ ಮಾಡಿದ್ದಾರೋ, ವೀಡಿಯೊ ಮಾಡುವಾಗ ಕಲಸಿಹೋಯಿತೋ ಹೇಳುವುದಕ್ಕೆ ಆಗುವುದಿಲ್ಲ. ಇನ್ನೂ ಒಂದೆರಡು ಸಲ ಒತ್ತಿದರೆ ಮುಖ ಚೌಕ ಚೌಕವಾಗಿ ಒಡೆಯುತ್ತದೆ. ಫೈಲು ಸಣ್ಣದು ಮಾಡುವ ತಂತ್ರ ಕೆಲಸ ಮಾಡುವುದೇ ಹಿಂದಿನ ಫ್ರೇಮಿಗೂ ಮುಂದಿನದ್ದಕ್ಕೂ ಜಾಸ್ತಿ ವ್ಯತ್ಯಾಸ ಇರುವುದಿಲ್ಲ ಅನ್ನುವ ನಂಬಿಕೆಯ ಮೇಲೆ. ಪ್ರತಿ ಕ್ಷಣವೂ ಬದಲಾಗುವ ಚಿತ್ರ ಆ ತಂತ್ರಕ್ಕೆ ಸಿಕ್ಕರೆ ಪುಡಿಪುಡಿಯಾಗುತ್ತದೆ. ಫಿಲ್ಮಿನ ಮೇಲಿನ ಸಣ್ಣ ಕಣಗಳು, ಬಿಳಿಯ ಹೊಳಪು, ಕಪ್ಪಿನ ಆಳ ಎಲ್ಲ ಬೂದಿ ಬಣ್ಣದ ಅಂಬಲಿಯಾಗಿಬಿಡುತ್ತದೆ.

ಇದನ್ನು ನೋಡಿ ಹುಡುಗರು 'ಏನೋ ಹಳೇ ಕಾಲದ್ದು, ಕಣ್ಣು ನೋಯುತ್ತೆ' ಅಂತ ಮುಚ್ಚಿಬಿಡುತ್ತಾರೆ. ಅವರನ್ನು ಹೇಗೆ ದೂರುವುದು? ಅವರು ನೋಡಿದ್ದು ಆ ಚಿತ್ರವನ್ನೇ ಅಲ್ಲ.

ಆದ್ದರಿಂದ ಕೇಳುತ್ತಿದ್ದೇನೆ. ಮೂಲ ಕ್ಯಾಮೆರಾ ನೆಗೆಟಿವ್ ತೆಗೆಸಿ. ಅದು ಕೆಟ್ಟಿದ್ದರೆ ಅದಕ್ಕೆ ಹತ್ತಿರದ ಒಳ್ಳೆಯ ಪ್ರತಿ ತೆಗೆಸಿ. ಫ್ರೇಮಿಗೆ ಫ್ರೇಮ್ ಸ್ಕ್ಯಾನ್ ಮಾಡಿಸಿ, 24 ಅಂದರೆ 24ಕ್ಕೇ ಇಡಿಸಿ. ಗೀರು, ಧೂಳು ತೆಗೆಯುವ ಕೆಲಸವನ್ನು ಸಾಫ್ಟ್‌ವೇರಿಗೆ ಒಪ್ಪಿಸಿ ಎದ್ದು ಹೋಗಬೇಡಿ. ಅಂಥ ಸಾಫ್ಟ್‌ವೇರ್ ಒಂದೇ ಫ್ರೇಮಿನಲ್ಲಿ ಬಂದು ಹೋಗುವುದನ್ನು ಧೂಳು ಅಂತಲೇ ತಿಳಿಯುತ್ತದೆ. ಈ ಚಿತ್ರದಲ್ಲಿ ಅಂಥ ಕ್ಷಣಗಳೇ ಜೀವಾಳ. ಆನಿಮೇಷನ್ ಗೊತ್ತಿರುವ ಯಾರಾದರೂ ಪಕ್ಕದಲ್ಲಿ ಕೂತು ನೋಡಬೇಕು. ಚಿತ್ರದ ಮೇಲೆ ಸಂಸ್ಥೆಯ ಲೋಗೋ ಥರದ ಯಾವ ಮುದ್ರೆಯನ್ನೂ ಒತ್ತಬೇಡಿ. ಶುರುವಿನಲ್ಲಿ ಸಂಸ್ಥೆಯ ಹೆಸರಿನ ಒಂದು ಕಾರ್ಡು ಹಾಕಿದರೆ ಸಾಕು.

ದುಡ್ಡಿನ ಪ್ರಶ್ನೆ ಬಂದೇ ಬರುತ್ತದೆ. ರಾಷ್ಟ್ರೀಯ ಚಲನಚಿತ್ರ ಪರಂಪರೆ ಮಿಷನ್ ಅಡಿಯಲ್ಲಿ ಹಳೆಯ ಚಿತ್ರಗಳ ಪುನರುಜ್ಜೀವನಕ್ಕೆ 363 ಕೋಟಿ ರೂಪಾಯಿ ಕೊಡುವುದಾಗಿ 2022ರ ಮೇನಲ್ಲಿ ಪುಣೆಯಲ್ಲಿ ಸಚಿವರೇ ಹೇಳಿದರು. ದೊಡ್ಡ ಹೆಸರಿನ, ಮೂರು ಗಂಟೆಯ ಕಥಾಚಿತ್ರಗಳು ಆ ಪಟ್ಟಿಯಲ್ಲಿ ಇರಲೇಬೇಕು, ತಕರಾರಿಲ್ಲ. ಆದರೆ ಈ ಚಿತ್ರದ ಅಳತೆ ನೋಡಿ: 35 ಎಂ.ಎಂ. ಫಿಲ್ಮ್ ನಿಮಿಷಕ್ಕೆ 90 ಅಡಿ ಓಡುತ್ತದೆ, ಒಟ್ಟು 630 ಅಡಿ. ಒಂದೇ ಒಂದು ಡಬ್ಬಿ. ಪತಿಯವರ ಪ್ರಯೋಗಗಳನ್ನೆಲ್ಲ ಸೇರಿಸಿದರೂ ಒಂದು ಕಥಾಚಿತ್ರದಷ್ಟು ಉದ್ದ ಬರುವುದಿಲ್ಲ.

ಕಾಯುತ್ತಾ ಕೂರುವ ಹಾಗೂ ಇಲ್ಲ. ಆ ಕಾಲದ ಫಿಲ್ಮುಗಳು ಅಸಿಟೇಟಿನವು. ಬೆಂಕಿ ಹತ್ತಿಕೊಳ್ಳುವ ಭಯ ಕಡಿಮೆ ಅಂತ ಅವನ್ನು ಸೇಫ್ಟಿ ಫಿಲ್ಮ್ ಅಂದರು. ಆದರೆ ಸೆಖೆಗೂ ತೇವಕ್ಕೂ ಸಿಕ್ಕರೆ ಅಸಿಟೇಟ್ ಒಳಗೊಳಗೇ ಕರಗಿ ಆಮ್ಲ ಬಿಡುತ್ತದೆ. ಡಬ್ಬಿ ತೆಗೆದರೆ ವಿನೆಗರಿನ ವಾಸನೆ ಮೂಗಿಗೆ ಹೊಡೆಯುತ್ತದೆ. ಹೊರಬಂದ ಆಮ್ಲವೇ ಮತ್ತೆ ಫಿಲ್ಮನ್ನು ತಿನ್ನುತ್ತದೆ, ಹೀಗಾಗಿ ಒಮ್ಮೆ ಶುರುವಾದರೆ ವೇಗ ಹೆಚ್ಚುತ್ತಲೇ ಹೋಗುತ್ತದೆ. ಫಿಲ್ಮ್ ಕುಗ್ಗುತ್ತದೆ, ಸೊಟ್ಟಗಾಗುತ್ತದೆ, ಕೊನೆಗೆ ಸ್ಕ್ಯಾನರಿನ ಹಲ್ಲಿಗೆ ಕೂರುವುದೇ ಇಲ್ಲ. ತಣ್ಣಗಿನ ಒಣ ಕೋಣೆಯಲ್ಲಿ ಇಟ್ಟರೆ ಇದನ್ನು ನಿಧಾನ ಮಾಡಬಹುದು, ಪೂರ್ತಿ ನಿಲ್ಲಿಸಲು ಆಗುವುದಿಲ್ಲ. ಬಣ್ಣದ ಫಿಲ್ಮುಗಳ ಪಾಡು ಇನ್ನೂ ಕಷ್ಟ. ಬಣ್ಣವೇ ಹಾರಿ ಎಲ್ಲ ನಸುಗೆಂಪಾಗುತ್ತದೆ. 'ಅಬಿದ್'ನ ಆ ಕೋಣೆಗೆ ಬಣ್ಣವೇ ಹೋದರೆ ಇನ್ನೇನು ಉಳಿಯಿತು?

ಈಗ 2028ರ ಮಾತು. ನಮ್ಮ ಕೃತಿಸ್ವಾಮ್ಯ ಕಾಯ್ದೆಯ ಪ್ರಕಾರ ಸಿನಿಮಾದ ಹಕ್ಕು ಅದು ಪ್ರಕಟವಾದ ಮುಂದಿನ ವರ್ಷದ ಆರಂಭದಿಂದ 60 ವರ್ಷ ಇರುತ್ತದೆ. ಸರ್ಕಾರದ ಕೃತಿಗಳಿಗೂ ಅಷ್ಟೇ ಅವಧಿ. 1968ರ ಚಿತ್ರದ ಹಕ್ಕು 2028ರ ಕೊನೆಯ ದಿನ ಮುಗಿಯುತ್ತದೆ. 2029ರ ಜನವರಿ 1ರಿಂದ ಅದು ಎಲ್ಲರದ್ದು. ಯಾರು ಬೇಕಾದರೂ ತೋರಿಸಬಹುದು, ಹಂಚಬಹುದು. ಕಾನೂನು ಹಕ್ಕನ್ನೇನೋ ಬಿಟ್ಟುಕೊಡುತ್ತದೆ. ಡಬ್ಬಿಯಲ್ಲಿರುವ ನೆಗೆಟಿವ್ ಮಾತ್ರ ನಿಮ್ಮ ಹತ್ತಿರವೇ ಇರುತ್ತದೆ. ಜನರ ಕೈಗೆ ಸಿಗುವುದು ಆ ಚೌಕ ಚೌಕದ ವೀಡಿಯೊ ಮಾತ್ರ. ಅದೇ ಸಾವಿರ ಕಡೆ ಹರಡುತ್ತದೆ, ಅದೇ ಅಸಲಿ ಅಂತ ನಿಲ್ಲುತ್ತದೆ. ಹಕ್ಕು ಇನ್ನೂ ನಿಮ್ಮಲ್ಲಿರುವಾಗಲೇ ನೀವೇ ಒಳ್ಳೆಯ ಪ್ರತಿಯನ್ನು ಹೊರಗೆ ತನ್ನಿ. ಡೌನ್‌ಲೋಡ್ ಮಾಡಿಕೊಳ್ಳುವ ಫೈಲಾಗಿ ಬಿಡಿ. ಪರದೆಯ ಮೇಲೆ ಹಾಕುವ ಫಿಲ್ಮ್ ಸೊಸೈಟಿಗಳಿಗೆ, ಕಾಲೇಜುಗಳಿಗೆ ಥಿಯೇಟರ್ ಪ್ರತಿ ಕೊಡಿ. ಒಂದು ಪುಟದ ಅರ್ಜಿಯಲ್ಲಿ ಕೆಲಸ ಮುಗಿಯುವ ಹಾಗಿರಲಿ.

'ಇದನ್ನೆಲ್ಲ ನೋಡುವವರು ಯಾರು? ಸಾಮಾನ್ಯ ಜನಕ್ಕೆ ಅರ್ಥ ಆಗುತ್ತಾ?' ಅಂತ ಕೇಳುವವರು ಇರುತ್ತಾರೆ. ಇದಕ್ಕೆ ಕರ್ನಾಟಕದಲ್ಲಿ ಒಂದು ಉತ್ತರ ಸಿಕ್ಕಿ ದಶಕಗಳೇ ಆದವು. 1970ರ ದಶಕದಲ್ಲಿ ಸಾಗರದ ಹತ್ತಿರದ ಹೆಗ್ಗೋಡಿನಲ್ಲಿ ಕೆ.ವಿ. ಸುಬ್ಬಣ್ಣನವರು ಮತ್ತು ಅವರ ಜೊತೆಗಾರರು ನೀನಾಸಂ ಚಿತ್ರಸಮಾಜ ಕಟ್ಟಿದರು. ಅಡಕೆ ತೋಟದ ಊರಿನ ಜನಕ್ಕೆ ಜಗತ್ತಿನ ದೊಡ್ಡ ದೊಡ್ಡ ಚಿತ್ರಗಳನ್ನು ತೋರಿಸಿದರು. ಮೊದಲು ಕನ್ನಡದಲ್ಲಿ ನಾಲ್ಕು ಮಾತು ಹೇಳಿ, ಆಮೇಲೆ ಚಿತ್ರ ಹಾಕಿ, ಮುಗಿದ ಮೇಲೆ ಕೂತು ಮಾತಾಡುತ್ತಿದ್ದರು. ಜನ ಬಂದರು, ನೋಡಿದರು, ವಾದ ಮಾಡಿದರು. ಅರ್ಥ ಆಗುವುದಿಲ್ಲ ಅಂತ ಮೊದಲೇ ತೀರ್ಮಾನ ಮಾಡುವವರು ಸಾಮಾನ್ಯವಾಗಿ ಜನರನ್ನು ಕೇಳಿಯೇ ಇರುವುದಿಲ್ಲ.

ಇನ್ನೊಂದು ವಿಷಯ. ಫಿಲ್ಮ್ಸ್ ಡಿವಿಜನ್ನಿನ ಬೇರೆ ಚಿತ್ರಗಳಿಗೆ ಹದಿಮೂರು ಹದಿನಾಲ್ಕು ಭಾಷೆಯಲ್ಲಿ ದನಿ ಕೊಡಬೇಕಿತ್ತು. ದೆಹಲಿ ಮುಂಬೈಗಳಲ್ಲಿ ಬರೆದದ್ದನ್ನು ಕನ್ನಡಕ್ಕೆ ತರುವಾಗ ಎಷ್ಟು ಸಲ ಅದು ನಮ್ಮದಲ್ಲದ ಕನ್ನಡವಾಗುತ್ತಿತ್ತು ಅಂತ ಕೇಳಿದವರಿಗೆ ಗೊತ್ತು. ಮಾತೇ ಇಲ್ಲದ 'ಎಕ್ಸ್‌ಪ್ಲೋರರ್' ಮುಂದೆ ಕಲಬುರಗಿಯವರೂ ಒಂದೇ, ಕೊಲ್ಕತ್ತದವರೂ ಒಂದೇ. ಡಬ್ಬಿಂಗ್ ಬೇಡ, ಸಬ್‌ಟೈಟಲ್ ಬೇಡ. ಬೇಕಾಗಿರುವುದು ಒಂದು ಪುಟದ ಪರಿಚಯ ಮಾತ್ರ: ಯಾರು ಮಾಡಿದರು, ಹೇಗೆ ಮಾಡಿದರು, ಆಗ ಏನು ನಡೆಯುತ್ತಿತ್ತು. ಅದನ್ನು ಕನ್ನಡವೂ ಸೇರಿ ಎಲ್ಲ ಭಾಷೆಗಳಲ್ಲಿ ಕೊಡಿ. ಕನ್ನಡದ್ದನ್ನು ಬರೆದುಕೊಡಲು ನಾವು ಎಷ್ಟೋ ಜನ ಸಂಬಳವಿಲ್ಲದೆ ತಯಾರಿದ್ದೇವೆ.

ಆ ಪರಿಚಯದಲ್ಲಿ ಕೆಲಸ ಮಾಡಿದ ಎಲ್ಲರ ಹೆಸರೂ ಇರಲಿ. ಕ್ಯಾಮೆರಾ ಹಿಡಿದವರು, ಸದ್ದು ದಾಖಲಿಸಿದವರು, ಕತ್ತರಿ ಮೇಜಿನ ಮುಂದೆ ಕೂತು ಆ ಸಣ್ಣ ಸಣ್ಣ ತುಂಡುಗಳನ್ನು ಕೈಯಲ್ಲಿ ಹಿಡಿದು ಅಂಟಿಸಿದವರು. ಇಂಥ ಚಿತ್ರದಲ್ಲಿ ಸಂಕಲನಕಾರರ ಬೆರಳಿನ ಕೆಲಸ ನಿರ್ದೇಶಕರ ಕಲ್ಪನೆಯಷ್ಟೇ ದೊಡ್ಡದು. ಜೊತೆಗೆ, ಈ ಚಿತ್ರದ ಪ್ರಿಂಟುಗಳು ಯಾವ ಯಾವ ಊರಿನ ಥಿಯೇಟರಿಗೆ ಹೋದವು ಎನ್ನುವ ರವಾನೆ ಪುಸ್ತಕ ನಿಮ್ಮ ಹಳೆಯ ಕಡತಗಳಲ್ಲಿದ್ದರೆ ಅದನ್ನೂ ಪ್ರಕಟಿಸಿ. ಸಿನಿಮಾ ಓದುವ ವಿದ್ಯಾರ್ಥಿಗಳಿಗೆ ಅದೊಂದೇ ಸಾಕು, ಒಂದು ಪ್ರಬಂಧಕ್ಕಾಗುವಷ್ಟು ಕೆಲಸ.

ಮುಂಬೈ ಅಂತರರಾಷ್ಟ್ರೀಯ ಚಿತ್ರೋತ್ಸವದಲ್ಲಿ ಹೊಸತನಕ್ಕೆ ಕೊಡುವ ಪ್ರಶಸ್ತಿಗೆ ನೀವು ಪ್ರಮೋದ್ ಪತಿಯವರ ಹೆಸರನ್ನೇ ಇಟ್ಟಿದ್ದೀರಿ. ಒಳ್ಳೆಯ ಕೆಲಸ, ಕೃತಜ್ಞತೆಗಳು. ಮುಂದಿನ ಉತ್ಸವದಲ್ಲಿ ಆ ಪ್ರಶಸ್ತಿ ಕೊಡುವ ಮೊದಲು ಸಭೆಗೆ 'ಎಕ್ಸ್‌ಪ್ಲೋರರ್' ಹಾಕಿ ತೋರಿಸಿ. ಹೊಸದಾಗಿ ಸ್ಕ್ಯಾನ್ ಮಾಡಿದ ಪ್ರತಿ, ದೊಡ್ಡ ಪರದೆ, ಸರಿಯಾದ ಸದ್ದು. ಪ್ರಶಸ್ತಿ ತೆಗೆದುಕೊಳ್ಳುವ ಹುಡುಗನಿಗೋ ಹುಡುಗಿಗೋ ಇದು ಯಾರ ಹೆಸರು ಅಂತ ಗೊತ್ತಾಗಲಿ. ಅದೇ ದಿನ ಫೈಲನ್ನು ಸಾರ್ವಜನಿಕರಿಗೆ ಬಿಡುಗಡೆ ಮಾಡಬಹುದು.

ಈ ಕೆಲಸಕ್ಕೆ ಯಾವ ವಿಭಾಗ ಜವಾಬ್ದಾರಿ, ನೆಗೆಟಿವ್ ಈಗ ಯಾವ ಸ್ಥಿತಿಯಲ್ಲಿದೆ, ಯಾವ ತಿಂಗಳೊಳಗೆ ಸ್ಕ್ಯಾನ್ ಆಗುತ್ತದೆ ಎನ್ನುವ ಮೂರು ಮಾಹಿತಿಯನ್ನು ಮೊದಲು ಬಹಿರಂಗವಾಗಿ ಹೇಳಿ. ಉಳಿದದ್ದನ್ನು ಅಲ್ಲಿಂದ ಮುಂದೆ ಮಾತಾಡೋಣ.

ವಿಶ್ವಾಸದಿಂದ,
ಒಬ್ಬ ಕನ್ನಡ ಪ್ರೇಕ್ಷಕ